ತೆರೆಯ ಹಿಂದಿನ ಕತ್ತರಿ



ಸಿನಿಮಾ ಮುಗಿದ ಮೇಲೆ ತೆರೆಯ ಮೇಲೆ ಸಾಲುಸಾಲಾಗಿ ಹೆಸರುಗಳು ಹತ್ತಿ ಹೋಗುತ್ತವಲ್ಲ, ಅದನ್ನು ಕೊನೆಯವರೆಗೂ ಕೂತು ಓದಿದವರು ನಮ್ಮಲ್ಲಿ ಎಷ್ಟು ಜನ ಇದ್ದೀವಿ ಹೇಳಿ? ಟಾಕೀಸಿನಲ್ಲಾದರೆ ಅಷ್ಟು ಹೊತ್ತಿಗೆ ಕಾಲಲ್ಲಿ ಚಪ್ಪಲಿ ಹುಡುಕ್ತಾ ಇರ್ತೀವಿ. ಮನೆಯ ಟೀವಿಯಲ್ಲಾದರೆ ಒಲೆಯ ಮೇಲಿಟ್ಟ ಹಾಲು ನೆನಪಾಗಿರುತ್ತೆ. ನಾಯಕ, ನಾಯಕಿ, ಹಾಡು ಹಾಡಿದವರು, ಬಹಳವೆಂದರೆ ಡೈರೆಕ್ಟರು. ಇಷ್ಟೇ ನಮ್ಮ ಲೆಕ್ಕ. ನಡುವೆ ಎಲ್ಲೋ 'ಸಂಕಲನ' ಎಂದು ಒಂದು ಹೆಸರು ಬಂದು ಹೋಗುತ್ತೆ. ಅದು ಯಾರದ್ದು, ಅವರು ಮಾಡಿದ್ದೇನು ಎಂದು ಯಾರೂ ಕೇಳುವುದಿಲ್ಲ.

ಈ ಸಲ ಅದನ್ನೇ ಬರೆಯಲು ಕಾರಣ ಒಂದು ಕಾಗದ. ಘಟ್ಟದ ಕೆಳಗಿನ ಒಂದು ಊರಿನಿಂದ ನಮ್ಮ ಓದುಗ ಸೋದರಿಯೊಬ್ಬರು ಬರೆದಿದ್ದಾರೆ. ಅವರ ಮಗಳು ಬಿ.ಎ. ಮುಗಿಸಿದ್ದಾಳೆ. ಬಿ.ಎಡ್. ಮಾಡಿಸಿ ಎಲ್ಲಾದರೂ ಟೀಚರ್ ಕೆಲಸ ಕೊಡಿಸೋಣ ಅಂತ ಮನೆಯವರ ಎಣಿಕೆ. ಅವಳು ಮಾತ್ರ 'ನಾನು ಫಿಲ್ಮ್ ಎಡಿಟಿಂಗ್ ಓದ್ತೀನಿ' ಎಂದು ಕೂತಿದ್ದಾಳಂತೆ. ಊಟ ಬಿಡುವಷ್ಟು ಹಟವಲ್ಲ, ಆದರೆ ದಿನವೂ ಅದೇ ಮಾತು. ಅಜ್ಜಿ ಅಂದರಂತೆ: "ಯಾರೋ ತೆಗೆದ ಸಿನಿಮಾನ ಕತ್ತರಿಸೋದಕ್ಕೆ ಕಾಲೇಜು ಬೇರೆ ಬೇಕೇನೇ? ಹೊಲಿಗೆ ಕ್ಲಾಸಿಗೆ ಹೋದ್ರೆ ಸಾಲದೇ?" ಕಾಗದ ಓದಿ ನನಗೆ ನಗು ಬಂತು. ಕೊನೆಯ ಸಾಲು ಓದಿದಾಗ ನಗು ನಿಂತಿತು. "ಅಕ್ಕಾ, ಇದು ಮರ್ಯಾದೆಯ ಕೆಲಸವೇ? ಇದರಲ್ಲಿ ಹೆಣ್ಣುಮಕ್ಕಳು ಬಾಳಿದ್ದುಂಟೇ?" ಎಂದು ಕೇಳಿದ್ದಾರೆ.

ಬಾಳಿದ್ದುಂಟು ತಾಯಿ. ನಮ್ಮ ದೇಶದಲ್ಲೂ ಉಂಟು. ಆದರೆ ಇವತ್ತು ನಾನು ಹೇಳಬೇಕೆಂದಿರುವುದು ಬಹಳ ದೂರದ ಒಬ್ಬ ಹೆಂಗಸಿನ ವಿಷಯ, ಯಾಕೆಂದರೆ ಈ ಕೆಲಸ ಏನು ಎಂಬುದು ಅವರ ಚಿತ್ರಗಳಲ್ಲಿ ಕಣ್ಣಿಗೆ ಹೊಡೆದ ಹಾಗೆ ಕಾಣುತ್ತೆ. ಡೆನ್ಮಾರ್ಕ್ ದೇಶದವರು. ಹೆಸರು ಮಾಲಿ ಮಲೇನ ಸ್ಟೆನ್ಸ್‌ಗಾರ್ಡ್. (ಮಾಲಿ ಅಂದರೆ ನಮಗೆ ತೋಟದವನು ನೆನಪಾಗ್ತಾನೆ, ಇರಲಿ. ಪೂರ್ತಿ ಹೆಸರು ಪ್ರತಿ ಸಲ ಬರೆದರೆ ಈ ಪುಟ ಸಾಲದು, ಮಾಲಿ ಅಂತಲೇ ಕರೆಯೋಣ.)

ಡೆನ್ಮಾರ್ಕ್ ಎಷ್ಟು ದೊಡ್ಡದು ಅಂತೀರಿ? ಇಡೀ ದೇಶದ ಜನ ಸುಮಾರು 60 ಲಕ್ಷ. ನಮ್ಮ ಬೆಂಗಳೂರೊಂದರಲ್ಲೇ ಅದಕ್ಕಿಂತ ಹೆಚ್ಚು ಮಂದಿ ಇದ್ದಾರೆ. ಅಷ್ಟು ಪುಟ್ಟ ದೇಶ ಸಿನಿಮಾ ಕಲಿಸಲಿಕ್ಕೆಂದೇ 1966ರಲ್ಲಿ ಕೋಪನ್‌ಹೇಗನ್ನಿನಲ್ಲಿ ಒಂದು ಸರ್ಕಾರಿ ಶಾಲೆ ತೆರೆಯಿತು. ಅಲ್ಲಿ ನಿರ್ದೇಶನ, ಛಾಯಾಗ್ರಹಣ ಇವುಗಳ ಹಾಗೆಯೇ ಸಂಕಲನವೂ ಪ್ರತ್ಯೇಕ ಓದು. ನಮ್ಮ ಮಾಲಿ ಅಲ್ಲಿಂದ 1993ರಲ್ಲಿ ಕಲಿತು ಹೊರಬಂದರು. ಅಜ್ಜಿಯ ಪ್ರಶ್ನೆಗೆ ಉತ್ತರ ಇಲ್ಲಿಗೇ ಆಯಿತು. ಕಾಲೇಜು ಬೇಕು.

ಡ್ಯಾನಿಷ್ ಭಾಷೆಯಲ್ಲಿ ಈ ಕೆಲಸ ಮಾಡುವವರನ್ನು 'ಕ್ಲಿಪರ್' ಅಂತಾರೆ. ಅಂದರೆ ಕತ್ತರಿಸುವವರು ಎಂದೇ ಅರ್ಥ. ಅಜ್ಜಿ ಅಂದದ್ದೂ ಅದನ್ನೇ. ನಮ್ಮ ಕನ್ನಡದ ಮಾತು ನೋಡಿ, 'ಸಂಕಲನ'. ಶಾಲೆಯಲ್ಲಿ ಸಂಕಲನ, ವ್ಯವಕಲನ ಎಂದು ಲೆಕ್ಕ ಕಲಿತದ್ದು ನೆನಪಿದೆಯಲ್ಲ? ಸಂಕಲನ ಅಂದರೆ ಕೂಡುವುದು. ಅವರು ಕಳೆಯುವ ಲೆಕ್ಕ ಅಂತಾರೆ, ನಾವು ಕೂಡುವ ಲೆಕ್ಕ ಅಂತೀವಿ. ಕೆಲಸ ಒಂದೇ. ನನಗೇನೋ ನಮ್ಮ ಮಾತೇ ಸರಿ ಅನ್ನಿಸುತ್ತೆ. ಹೂ ಕಟ್ಟುವಾಗ ಬುಟ್ಟಿಯಲ್ಲಿ ಇರೋ ಮೊಗ್ಗನ್ನೆಲ್ಲ ಕಟ್ಟೋದಿಲ್ಲ. ಬಾಡಿದ್ದು, ಮುರಿದದ್ದು ಪಕ್ಕಕ್ಕೆ ಹೋಗುತ್ತೆ. ಹಾಗೆಂದು ಹೂ ಕಟ್ಟುವವಳನ್ನು 'ಹೂ ಬಿಸಾಡುವವಳು' ಎಂದು ಯಾರಾದರೂ ಕರೀತಾರೆಯೇ?

ಕೆಲಸ ಎಷ್ಟು ಅಂತ ಒಂದು ಅಂದಾಜು ಹೇಳ್ತೀನಿ. ಫಿಲ್ಮಿನಲ್ಲಿ ಒಂದು ಸೆಕೆಂಡಿಗೆ 24 ಚಿತ್ರಗಳು ಓಡುತ್ತವೆ. ಎರಡು ಗಂಟೆಯ ಸಿನಿಮಾ ಅಂದರೆ 1,72,800 ಚಿತ್ರ. ಇದು ನಾವು ನೋಡುವಷ್ಟು ಮಾತ್ರ. ತೆಗೆದಿರುವುದು ಅದರ ಎಷ್ಟೋ ಪಟ್ಟು ಇರುತ್ತೆ. ಒಂದೇ ಮಾತನ್ನು ನಟಿ ಆರು ಸಲ, ಎಂಟು ಸಲ ಹೇಳಿರುತ್ತಾಳೆ. ಒಂದರಲ್ಲಿ ಧ್ವನಿ ಚೆನ್ನ, ಇನ್ನೊಂದರಲ್ಲಿ ಕಣ್ಣು ಚೆನ್ನ, ಮತ್ತೊಂದರಲ್ಲಿ ಹಿಂದೆ ಯಾರೋ ಅಡ್ಡ ಬಂದಿದ್ದಾರೆ. ಯಾವುದು ಇರಬೇಕು, ಯಾವುದು ಹೋಗಬೇಕು, ಅತ್ತವಳ ಮುಖ ಎಷ್ಟು ಹೊತ್ತು ಕಾಣಬೇಕು, ಯಾವ ಕ್ಷಣದಲ್ಲಿ ಕೇಳಿಸಿಕೊಂಡವನ ಮುಖಕ್ಕೆ ಹೋಗಬೇಕು, ಇದೆಲ್ಲ ನಿರ್ದೇಶಕರೂ ಸಂಕಲನಕಾರರೂ ಕೂತು ತಿಂಗಳುಗಟ್ಟಲೆ ಮಾಡುವ ಕೆಲಸ. ಒಗ್ಗರಣೆ ಅರೆ ನಿಮಿಷ ಹೆಚ್ಚಾದರೆ ಕರಟುತ್ತೆ, ಕಡಿಮೆಯಾದರೆ ಹಸಿವಾಸನೆ. ಆ ಹದ ನಮಗೆ ಹೇಳಿಕೊಡಬೇಕಾಗಿಲ್ಲ.

ಹೆಂಗಸರು ಈ ಕೆಲಸಕ್ಕೆ ಬಂದದ್ದು ನಿನ್ನೆ ಮೊನ್ನೆಯಲ್ಲ. ಮೂಕಿ ಚಿತ್ರಗಳ ಕಾಲದಲ್ಲಿ ಅಮೆರಿಕದಲ್ಲಿ ಫಿಲ್ಮಿನ ತುಂಡುಗಳನ್ನು ಅಂಟಿಸುವ ಕೆಲಸ ಬಹಳ ಮಟ್ಟಿಗೆ ಹುಡುಗಿಯರದ್ದೇ ಆಗಿತ್ತು. ಅದನ್ನು ಹೊಲಿಗೆಗೆ ಸಮಾನ ಅಂತಲೇ ತಿಳಿದಿದ್ದರು, ಸಂಬಳವೂ ಹಾಗೇ. ಅಜ್ಜಿಯ ಮಾತು ನೋಡಿ, ನೂರು ವರ್ಷದ ಹಿಂದೆ ಸಮುದ್ರದಾಚೆಯವರೂ ಆಡಿದ್ದು! ಹಾಗೆ 1915ರಲ್ಲಿ ಅಂಟಿಸುವ ಹುಡುಗಿಯಾಗಿ ಸೇರಿದ ಮಾರ್ಗರೆಟ್ ಬೂತ್ ಎಂಬಾಕೆ ಮುಂದೆ ಎಂ.ಜಿ.ಎಂ. ಕಂಪನಿಯ ಎಲ್ಲ ಚಿತ್ರಗಳ ಸಂಕಲನದ ಮೇಲ್ವಿಚಾರಕಿಯಾಗಿ, 1978ರಲ್ಲಿ ಗೌರವ ಆಸ್ಕರ್ ಪಡೆದು, 104 ವರ್ಷ ಬದುಕಿದರು.

ಡೆನ್ಮಾರ್ಕಿನಲ್ಲೂ ಮಾಲಿಗಿಂತ ಮುಂಚೆ ಒಬ್ಬರಿದ್ದರು, ಈಡಿತ್ ಶ್ಲುಸೆಲ್. ಅಲ್ಲಿನ ಮಹಾ ನಿರ್ದೇಶಕ ಕಾರ್ಲ್ ಡ್ರೇಯರ್ ಅವರ 'ಓರ್ಡೆಟ್' ಚಿತ್ರದ ಸಂಕಲನ ಈಕೆಯದು. ಅದು 1955ರಲ್ಲಿ ವೆನಿಸ್ ಚಿತ್ರೋತ್ಸವದ ಅತಿ ದೊಡ್ಡ ಬಹುಮಾನ ಪಡೆಯಿತು. ಎರಡು ಗಂಟೆಗೂ ಮೀರಿದ ಆ ಚಿತ್ರದಲ್ಲಿ ಇರುವ ತುಣುಕುಗಳು ಸುಮಾರು 114 ಮಾತ್ರ! ಈಗಿನ ಒಂದು ಹಾಡಿನಲ್ಲೇ ಅಷ್ಟು ಇರುತ್ತವೇನೋ. ಹೆರಿಗೆಯಲ್ಲಿ ತೀರಿಕೊಂಡ ಸೊಸೆ, ಅವಳ ಸುತ್ತ ಕೂತ ಮನೆಮಂದಿ, ಒಬ್ಬೊಬ್ಬರ ನಂಬಿಕೆ ಒಂದೊಂದು ತರಹ. ಕ್ಯಾಮೆರಾ ನಿಧಾನವಾಗಿ ಕೋಣೆ ಸುತ್ತುತ್ತೆ. ಕತ್ತರಿ ಕೈಯಲ್ಲಿದ್ದೂ ಕತ್ತರಿಸದೆ ಇರುವುದು ಕೂಡ ಒಂದು ವಿದ್ಯೆ ಅಂತ ಅದನ್ನು ನೋಡಿದರೆ ತಿಳಿಯುತ್ತೆ.

ಮಾಲಿಯ ಕಾಲಕ್ಕೆ ಬಂದಾಗ ಗಾಳಿಯೇ ಬೇರೆಯಾಗಿತ್ತು. ಶಾಲೆ ಬಿಟ್ಟ ಮರುವರ್ಷವೇ, 1994ರಲ್ಲಿ, ಲಾರ್ಸ್ ಫಾನ್ ಟ್ರಿಯರ್ ಎಂಬ ನಿರ್ದೇಶಕರ ಟೀವಿ ಧಾರಾವಾಹಿಗೆ ಯಾಕೋಬ್ ತೂಸೆನ್ ಎಂಬವರ ಜೊತೆ ಸೇರಿ ಸಂಕಲನ ಮಾಡಿದರು. ಧಾರಾವಾಹಿಯ ಹೆಸರು 'ರೀಗೆತ್', ಅಂದರೆ ರಾಜ್ಯ. ಕೋಪನ್‌ಹೇಗನ್ನಿನ ದೊಡ್ಡಾಸ್ಪತ್ರೆಗೆ ಜನ ಹೇಳೋ ಅಡ್ಡಹೆಸರೂ ಅದೇ. ಆ ಆಸ್ಪತ್ರೆಯಲ್ಲಿ ದೆವ್ವದ ಕಾಟ!

ಇದರ ಕತೆ ಸ್ವಲ್ಪ ಹೇಳದೆ ಮುಂದೆ ಹೋಗಲಾರೆ. ಶ್ರೀಮತಿ ದ್ರುಸೆ ಎಂಬ ಮುದುಕಿ. ಆತ್ಮಗಳ ಜೊತೆ ಮಾತಾಡುವ ಹುಚ್ಚು. ಏನೂ ಕಾಯಿಲೆ ಇಲ್ಲದಿದ್ದರೂ ಇದೆ ಅಂತ ಹೇಳಿ ಆಸ್ಪತ್ರೆಗೆ ಮತ್ತೆ ಮತ್ತೆ ಸೇರ್ತಾಳೆ. ಒಂದು ದಿನ ಲಿಫ್ಟಿನ ಒಳಗಿಂದ ಪುಟ್ಟ ಹುಡುಗಿ ಅಳುವ ಸದ್ದು ಕೇಳುತ್ತೆ. ಡಾಕ್ಟರುಗಳು ತಮ್ಮ ತಮ್ಮ ಜಂಬದಲ್ಲಿ ಮುಳುಗಿರುವಾಗ, ಆ ಮಗು ಯಾರು, ಯಾಕೆ ಅಳುತ್ತೆ ಎಂದು ಹುಡುಕಿಕೊಂಡು ಹೋಗುವವಳು ಈ ಮುದುಕಿ. ಸ್ವೀಡನ್ನಿನಿಂದ ಬಂದ ಒಬ್ಬ ದೊಡ್ಡ ಡಾಕ್ಟರ್ ಬೇರೆ, ರಾತ್ರಿ ಹೊತ್ತು ಮಾಳಿಗೆ ಹತ್ತಿ ಡೆನ್ಮಾರ್ಕಿನವರನ್ನೆಲ್ಲ ಬಾಯಿಗೆ ಬಂದಂತೆ ಬೈತಾನೆ. ಹೆದರಿಕೆಯೂ ಆಗುತ್ತೆ, ನಗೂನೂ ಬರುತ್ತೆ.

ಆದರೆ ನಾನು ಹೇಳಹೊರಟದ್ದು ಕತೆಯಲ್ಲ, ಅದನ್ನು ಜೋಡಿಸಿದ ರೀತಿ. ಆವರೆಗೆ ಸಂಕಲನಕ್ಕೆ ಒಂದು ಮಡಿ ಇತ್ತು. ಒಂದು ತುಣುಕಿನಲ್ಲಿ ಕಾಫಿ ಲೋಟ ಬಲಗೈಯಲ್ಲಿದ್ದರೆ ಮುಂದಿನ ತುಣುಕಿನಲ್ಲೂ ಬಲಗೈಯಲ್ಲೇ ಇರಬೇಕು. ಎಡಕ್ಕೆ ನೋಡಿ ಮಾತಾಡುತ್ತಿದ್ದವಳು ಫಕ್ಕನೆ ಬಲಕ್ಕೆ ನೋಡಬಾರದು. ಜೋಡಿಸಿದ್ದು ಗೊತ್ತೇ ಆಗಬಾರದು, ಸೀರೆಯ ಫಾಲ್ ಹೊಲಿದ ಹಾಗೆ. 'ರೀಗೆತ್'ನಲ್ಲಿ ಆ ಮಡಿಯನ್ನೇ ಕಿತ್ತೊಗೆದರು. ಅಮೆರಿಕದಲ್ಲಿ 1993ರಲ್ಲಿ ಶುರುವಾಗಿದ್ದ 'ಹೊಮಿಸೈಡ್' ಎಂಬ ಪೊಲೀಸ್ ಧಾರಾವಾಹಿ ನೋಡಿ ಟ್ರಿಯರ್ ಅವರಿಗೆ ಆ ಧೈರ್ಯ ಬಂದಿತ್ತು. ಕ್ಯಾಮೆರಾ ಕೈಯಲ್ಲಿ ಹಿಡಿದು ಓಡಾಡಿ ತೆಗೆದದ್ದು, ಮಾತಿನ ನಡುವೆಯೇ ತುಣುಕು ಹಾರುತ್ತೆ. ಕೂತವನು ನಿಂತಿರ್ತಾನೆ, ನಿಂತವನು ಬಾಗಿಲಲ್ಲಿರ್ತಾನೆ. ಮೊದಲ ಹತ್ತು ನಿಮಿಷ ಕಣ್ಣು ಒಗ್ಗೋದಿಲ್ಲ. ಆಮೇಲೆ ಲೋಟ ಯಾವ ಕೈಯಲ್ಲಿದೆ ಎಂದು ಯಾರು ನೋಡ್ತಾರೆ? ಮುಖ ನೋಡ್ತೀವಿ.

ಹೀಗೆ ಮಾಡಿದ್ದರಿಂದ ಆದದ್ದೇನೆಂದರೆ, ಸಂಕಲನ ಮಾಡುವವರಿಗೆ ಎಂಟು ಸಲದ ನಟನೆಯಲ್ಲಿ ಯಾವುದು ನಿಜವಾಗಿ ಬಂದಿದೆಯೋ ಅದನ್ನೇ ಎತ್ತಿಕೊಳ್ಳುವ ಸ್ವಾತಂತ್ರ್ಯ ಸಿಕ್ಕಿತು. ಅಚ್ಚುಕಟ್ಟು ಕೆಟ್ಟರೂ ಚಿಂತೆಯಿಲ್ಲ, ನಿಜ ಉಳಿಯಲಿ. ಕೇಳಲು ಸುಲಭ. ಆದರೆ ಒಂದು ಮಾತು ಯೋಚಿಸಿ. ನಿಯಮ ಇದ್ದಾಗ ನಿಯಮದ ಮೇಲೆ ಭಾರ ಹಾಕಬಹುದು. ನಿಯಮ ತೆಗೆದ ಮೇಲೆ ಉಳಿಯೋದು ನಮ್ಮ ತೀರ್ಮಾನ ಒಂದೇ. ಯಾರ ಅಳು ನಿಜ, ಯಾರದ್ದು ನಟನೆ ಎಂದು ಕಂಡುಹಿಡಿಯಬೇಕು. ಕೂಡುಕುಟುಂಬದಲ್ಲಿ ಬಾಳಿದವರಿಗೆ ಆ ವಿದ್ಯೆ ಸ್ವಲ್ಪಮಟ್ಟಿಗೆ ಬಂದೇ ಇರುತ್ತೆ ಅನ್ನಿ!

ಮುಂದಿನ ವರ್ಷ ಟ್ರಿಯರ್ ಮತ್ತವರ ಗೆಳೆಯರು ಇನ್ನೊಂದು ಹೆಜ್ಜೆ ಹೋದರು. 1995ರ ಮಾರ್ಚಿಯಲ್ಲಿ 'ಡೋಗ್ಮ 95' ಎಂದು ಹತ್ತು ಕಟ್ಟಳೆಗಳ ಒಂದು ವ್ರತ ಹೂಡಿದರು. ನಿಜಕ್ಕೂ ವ್ರತ ಎಂದೇ ಅವರೂ ಕರೆದದ್ದು. ಸೆಟ್ ಹಾಕಬಾರದು, ಬೇರೆ ದೀಪ ಬಳಸಬಾರದು, ಕ್ಯಾಮೆರಾ ಕೈಯಲ್ಲೇ ಇರಬೇಕು, ನಿರ್ದೇಶಕನ ಹೆಸರು ಹಾಕಬಾರದು. ಇವುಗಳಲ್ಲಿ ಸಂಕಲನಕಾರರ ಕತ್ತಿಗೇ ಬಂದ ಕಟ್ಟಳೆ ಒಂದಿತ್ತು. ದೃಶ್ಯದಿಂದ ಶಬ್ದವನ್ನು ಬೇರೆ ಮಾಡಬಾರದು, ಶಬ್ದವನ್ನು ಬೇರೆಯಾಗಿ ತಂದು ಸೇರಿಸಬಾರದು. ಸಾಮಾನ್ಯವಾಗಿ ಎರಡು ತುಣುಕುಗಳ ನಡುವಿನ ಬಿರುಕನ್ನು ಮುಚ್ಚುವುದು ಶಬ್ದವೇ. ಮುಂದಿನ ದೃಶ್ಯದ ರೈಲಿನ ಕೂಗು ಈ ದೃಶ್ಯದಲ್ಲೇ ಕೇಳಿಸಿಬಿಡುತ್ತೆ, ಅಳುವ ಮುಖದ ಕೆಳಗೆ ಪಿಟೀಲು ನುಡಿಸಿಬಿಡ್ತಾರೆ, ನಮಗೆ ಏನೂ ತಿಳಿಯೋದಿಲ್ಲ. ಆ ಅನುಕೂಲ ಹೋಯಿತು. ತುಣುಕು ಹಾರಿದಾಗಲೆಲ್ಲ ಶಬ್ದವೂ ಹಾರುತ್ತೆ. ಆ ವ್ರತದಲ್ಲಿ ಟ್ರಿಯರ್ ತೆಗೆದ 1998ರ 'ದಿ ಈಡಿಯಟ್ಸ್' ಚಿತ್ರಕ್ಕೆ ಮಾಲಿಯೇ ಸಂಕಲನಕಾರ್ತಿ. ಮನೆಮಂದಿಯೊಟ್ಟಿಗೆ ನೋಡುವಂಥ ಚಿತ್ರವಲ್ಲ, ಆದ್ದರಿಂದ ಅದರ ಮಾತು ಇಷ್ಟೇ ಸಾಕು.

ಈಗ 'ಡಾನ್ಸರ್ ಇನ್ ದ ಡಾರ್ಕ್' ವಿಷಯಕ್ಕೆ ಬರೋಣ. 2000ದಲ್ಲಿ ಬಂದ ಚಿತ್ರ. ನಮ್ಮ ಅಕ್ಕನ ಮಗ ಲ್ಯಾಪ್‌ಟಾಪಿನಲ್ಲಿ ತೋರಿಸಿದ. ಮಾತು ಅರ್ಧಕ್ಕರ್ಧ ಅರ್ಥವಾಗದಿದ್ದರೂ ನಾನು ಸೆರಗು ಒದ್ದೆ ಮಾಡಿಕೊಂಡೆ. ಬಿಸಿಲುಹೊತ್ತಿನಲ್ಲಿ ಯಾಕೆ ಅಳ್ತಾ ಇದ್ದಾಳೆ ಇವಳು ಅಂತ ನಮ್ಮವರು ಬಾಗಿಲಲ್ಲಿ ನಿಂತು ನೋಡಿ ಹೋದರು.

ಸೆಲ್ಮಾ ಎಂಬ ಹೆಂಗಸು. ಚೆಕೊಸ್ಲೊವಾಕಿಯಾದಿಂದ ಅಮೆರಿಕಕ್ಕೆ ವಲಸೆ ಬಂದವಳು, ಕಾರ್ಖಾನೆಯ ಕೂಲಿ. ಮನೆತನದ ಕಾಯಿಲೆಯಿಂದ ದಿನದಿನಕ್ಕೆ ಕಣ್ಣು ಹೋಗ್ತಾ ಇದೆ. ಅದೇ ಕಾಯಿಲೆ ಮಗನಿಗೂ ಬರಲಿದೆ. ಅವನ ಆಪರೇಷನ್ನಿಗೆಂದು ಒಂದೊಂದೇ ಡಾಲರು ಡಬ್ಬಿಯಲ್ಲಿ ಕೂಡಿಡ್ತಾಳೆ. ನಾವು ಸಾಸಿವೆ ಡಬ್ಬಿಯಲ್ಲಿ ಇಡೋ ಹಾಗೆಯೇ. ಕಾಣದಿದ್ದರೂ ಕಾಣುತ್ತೆ ಅಂತ ನಟಿಸಿ ಯಂತ್ರದ ಮುಂದೆ ನಿಲ್ತಾಳೆ. ಸಿನಿಮಾ ಹಾಡು, ಕುಣಿತ ಅಂದರೆ ಅವಳಿಗೆ ಪ್ರಾಣ. ಟಾಕೀಸಿನಲ್ಲಿ ಪಕ್ಕದಲ್ಲಿ ಕೂತ ಗೆಳತಿ ತೆರೆಯ ಮೇಲೆ ಕುಣಿಯುವವರ ಹೆಜ್ಜೆಗಳನ್ನು ಬೆರಳಿನಿಂದ ಸೆಲ್ಮಾಳ ಅಂಗೈ ಮೇಲೆ ಆಡಿಸಿ ತೋರಿಸ್ತಾಳೆ. ಆ ಗೆಳತಿಯಾಗಿ ಫ್ರಾನ್ಸಿನ ದೊಡ್ಡ ನಟಿ ಕ್ಯಾಥರೀನ್ ಡನವ್. ಸೆಲ್ಮಾ ಆದವರು ಐಸ್‌ಲೆಂಡಿನ ಗಾಯಕಿ ಬ್ಯೋರ್ಕ್.

ಕಷ್ಟ ಹೆಚ್ಚಾದಾಗ ಸೆಲ್ಮಾ ಮನಸ್ಸಿನಲ್ಲೇ ಒಂದು ಹಾಡಿನ ಲೋಕ ಕಟ್ಟಿಕೊಳ್ತಾಳೆ. ಕಾರ್ಖಾನೆಯ ಯಂತ್ರದ ಸದ್ದೇ ತಾಳವಾಗುತ್ತೆ. ಈ ಹಾಡುಗಳನ್ನು ತೆಗೆಯಲಿಕ್ಕೆ ನೂರು ಕ್ಯಾಮೆರಾ ಇಟ್ಟರು. ಹೌದು, ನೂರು! ಅಲ್ಲಲ್ಲಿ ನೆಟ್ಟುಬಿಟ್ಟ, ಅಲುಗಾಡದ ಸಣ್ಣ ವಿಡಿಯೋ ಕ್ಯಾಮೆರಾಗಳು. ಈಗ ಲೆಕ್ಕ ಹಾಕಿ. ಐದು ನಿಮಿಷದ ಹಾಡನ್ನು ಒಂದು ಸಲ ಕುಣಿದರೆ ಐನೂರು ನಿಮಿಷದ ಸರಕು, ಅಂದರೆ ಎಂಟು ಗಂಟೆ ಇಪ್ಪತ್ತು ನಿಮಿಷ. ಅದರಲ್ಲಿ ಐದು ನಿಮಿಷ ಆರಿಸಬೇಕು. ಕಲ್ಲಕ್ಕಿ ಆರಿಸುವುದಾದರೆ ಕಲ್ಲು ಯಾವುದು ಎಂದಾದರೂ ಕಣ್ಣಿಗೆ ಕಾಣುತ್ತೆ, ಇಲ್ಲಿ ಎಲ್ಲವೂ ಅಕ್ಕಿಯೇ. ಫ್ರಾನ್ಸಿನ ಫ್ರಾಂಸ್ವಾ ಜೆಡಿಜಿಯೆ ಮತ್ತು ನಮ್ಮ ಮಾಲಿ ಈ ಚಿತ್ರದ ಸಂಕಲನ ಹಂಚಿಕೊಂಡರು.

ಫಲ ನೋಡಿ. ಬದುಕಿನ ದೃಶ್ಯಗಳಲ್ಲಿ ಬಣ್ಣ ಮಂಕು, ಕ್ಯಾಮೆರಾ ತಡವರಿಸುತ್ತೆ, ತುಣುಕುಗಳು ಅಲ್ಲಲ್ಲಿ ಹಾರುತ್ತವೆ. ಕಣ್ಣು ಮಂಜಾದವಳು ದಾರಿ ಹುಡುಕಿದ ಹಾಗೆ. ಹಾಡು ಬಂತೆಂದರೆ ಬಣ್ಣ ಕಳೆಗಟ್ಟುತ್ತೆ, ಚೂರುಚೂರು ನೋಟಗಳೆಲ್ಲ ತಾಳಕ್ಕೆ ಸರಿಯಾಗಿ ಒಂದರ ಹಿಂದೊಂದು ಬರುತ್ತವೆ. ಹಾಡು ನಿಂತ ಕೂಡಲೇ ಮತ್ತೆ ಮಂಕು. ಸೆಲ್ಮಾಳಿಗೆ ಆ ಹಾಡು ಯಾಕೆ ಬೇಕು ಎಂದು ಒಂದು ಮಾತಿನಲ್ಲೂ ಹೇಳಬೇಕಾಗಿಲ್ಲ. ಕೊನೆಯನ್ನು ನಾನು ಬರೆಯೋದಿಲ್ಲ. ಮಗನ ಕನ್ನಡಕ ಒಂದು ಅವಳ ಕೈಗೆ ಬರುತ್ತೆ ಎಂದಷ್ಟೇ ಹೇಳ್ತೀನಿ. ಆ ವರ್ಷ ಕಾನ್ ಚಿತ್ರೋತ್ಸವದಲ್ಲಿ ಚಿತ್ರಕ್ಕೆ ಅತ್ಯುನ್ನತ ಬಹುಮಾನ, ಬ್ಯೋರ್ಕ್ ಅವರಿಗೆ ಶ್ರೇಷ್ಠ ನಟಿ ಪ್ರಶಸ್ತಿ.

ತಾಯಿಯೊಬ್ಬರು ಮಗಳ ಸಲುವಾಗಿ ಕೇಳಿರುವಾಗ ಇನ್ನೊಂದು ಮುಖವನ್ನು ಮುಚ್ಚಿಡುವುದು ಸರಿಯಲ್ಲ. ಈ ಚಿತ್ರ ತೆಗೆಯುವಾಗ ನಿರ್ದೇಶಕರಿಗೂ ಬ್ಯೋರ್ಕ್ ಅವರಿಗೂ ಆಗಿಬರಲಿಲ್ಲವೆಂಬುದು ಆಗಲೇ ಲೋಕಕ್ಕೆಲ್ಲ ತಿಳಿದಿತ್ತು. 2017ರಲ್ಲಿ ಬ್ಯೋರ್ಕ್, ಒಬ್ಬ ಡ್ಯಾನಿಷ್ ನಿರ್ದೇಶಕರು ತಮ್ಮೊಡನೆ ಕೆಟ್ಟದಾಗಿ ನಡೆದುಕೊಂಡರೆಂದು ಹೆಸರು ಹೇಳದೆ ಬರೆದರು. ಟ್ರಿಯರ್ ಅದನ್ನು ಅಲ್ಲಗಳೆದರು. 2011ರಲ್ಲಿ ಕಾನ್‌ನಲ್ಲಿ ಅದೇ ಮನುಷ್ಯ ಹಿಟ್ಲರನ ವಿಷಯ ಬಾಯಿಗೆ ಬಂದದ್ದು ಆಡಿ, ಉತ್ಸವದವರು 'ನೀವು ಇಲ್ಲಿ ಬೇಡ' ಎಂದು ಹೇಳುವ ಹಾಗೆ ಮಾಡಿಕೊಂಡರು. ಸಿನಿಮಾದ ಹೊರಗೆ ನಡೆಯುವ ಇಂಥವುಗಳನ್ನು ಸಂಕಲನದ ಕೋಣೆಯಲ್ಲಿ ಕೂತವರು ತಡೆಯಲಾರರು. ಅವರ ತಿಂಗಳುಗಟ್ಟಲೆಯ ದುಡಿಮೆಯೂ ಅದೇ ಚಿತ್ರದ ಜೊತೆ ತೂಗುತ್ತಿರುತ್ತೆ. ಹೆಣ್ಣುಮಕ್ಕಳನ್ನು ಕೆಲಸಕ್ಕೆ ಕಳಿಸುವಾಗ ಕೆಲಸ ಎಂಥದ್ದು ಎಂದು ಕೇಳಿದಷ್ಟೇ, ಯಾರ ಕೈಕೆಳಗೆ ಎಂದೂ ಕೇಳಬೇಕು. ಅದು ಸಿನಿಮಾಕ್ಕೂ ಸರಿ, ಶಾಲೆ ಆಫೀಸುಗಳಿಗೂ ಸರಿ.

ಮತ್ತೆ ಮಾಲಿ ಬಳಿಗೆ. 2003ರ 'ಡಾಗ್‌ವಿಲ್' ಚಿತ್ರದಲ್ಲಿ ಊರಿಗೆ ಊರೇ ಇಲ್ಲ. ದೊಡ್ಡ ಕಪ್ಪು ನೆಲ, ಅದರ ಮೇಲೆ ರಂಗೋಲಿ ಎಳೆದ ಹಾಗೆ ಬಿಳಿ ಗೆರೆ. ಇದು ಬೀದಿ, ಇದು ಅಂಗಡಿ, ಇದು ನಾಯಿ! ಗೋಡೆಗಳಿಲ್ಲ. ಒಂದು ಮನೆಯೊಳಗೆ ಹೆಂಗಸಿಗೆ ಅನ್ಯಾಯವಾಗುತ್ತಿರುವಾಗಲೇ, ಇಲ್ಲದ ಗೋಡೆಯ ಆಚೆ ಊರಿನವರು ತಮ್ಮ ತಮ್ಮ ಕೆಲಸ ಮಾಡ್ತಾ ಇರೋದು ನಮಗೆ ಕಾಣುತ್ತೆ. ಮೂರು ಗಂಟೆಗೆ ಎರಡೇ ನಿಮಿಷ ಕಡಿಮೆ. ಬರೀ ಮುಖಗಳನ್ನು ನೋಡಿಕೊಂಡು ಅಷ್ಟು ಹೊತ್ತು ನಾವು ಕೂರ್ತೀವಿ ಅಂದರೆ ಜೋಡಿಸಿದವರ ಕೈ ಎಂಥದ್ದಿರಬೇಕು! 2006ರ 'ದಿ ಬಾಸ್ ಆಫ್ ಇಟ್ ಆಲ್' ಎಂಬ ತಮಾಷೆಯ ಚಿತ್ರದಲ್ಲಂತೂ ಕ್ಯಾಮೆರಾ ಎತ್ತ ತಿರುಗಬೇಕೆಂಬುದನ್ನು ಕಂಪ್ಯೂಟರಿಗೇ ಬಿಟ್ಟರು. ಅದು ತನಗೆ ತೋಚಿದ ಹಾಗೆ ತಲೆ ಕತ್ತರಿಸಿ, ಮೂಲೆಗೆ ತಳ್ಳಿ ತೆಗೆದದ್ದನ್ನು ಕತೆಯಾಗಿ ಕೂಡಿಸುವ ಕರ್ಮ ಮಾಲಿಯದು. ಟ್ರಿಯರ್ ಅವರ ಎಲ್ಲ ಚಿತ್ರಗಳೂ ಇವರವಲ್ಲ, 1996ರ 'ಬ್ರೇಕಿಂಗ್ ದ ವೇವ್ಸ್' ಚಿತ್ರದ ಸಂಕಲನ ಆಂಡರ್ಸ್ ರೆಫ್ನ್ ಅವರದು. ಆದರೂ 1994ರಿಂದ 2018ರವರೆಗೆ ಬಿಟ್ಟು ಬಿಟ್ಟು ಇಪ್ಪತ್ತನಾಲ್ಕು ವರ್ಷ ಒಬ್ಬರ ಚಿತ್ರಗಳಿಗೆ ಮತ್ತೆ ಮತ್ತೆ ಕೂತದ್ದು ಸಣ್ಣ ಮಾತಲ್ಲ.

ನಮ್ಮ ಓದುಗರು ಒಂದನ್ನೇ ನೋಡುವುದಾದರೆ ನಾನು 2011ರ 'ಮೆಲಂಕೋಲಿಯಾ' ಹೇಳ್ತೀನಿ. ಅಕ್ಕತಂಗಿಯರ ಕತೆ. ತಂಗಿ ಜಸ್ಟೀನಳಿಗೆ ಮನಸ್ಸಿನ ಕಾಯಿಲೆ, ಖಿನ್ನತೆ ಅಂತೀವಲ್ಲ, ಅದು. ಮದುವೆಯ ದಿನವೇ ಎಲ್ಲ ಕುಸಿದುಹೋಗುತ್ತೆ. ಆಮೇಲೆ ಅಕ್ಕ ಕ್ಲೇರ್ ಅವಳನ್ನು ಮನೆಗೆ ಕರೆತರ್ತಾಳೆ. ಸ್ನಾನದ ತೊಟ್ಟಿಗೆ ಕಾಲು ಎತ್ತಿ ಇಡಲಿಕ್ಕೂ ತಂಗಿಗೆ ಆಗೋದಿಲ್ಲ. ಅವಳಿಗೆ ಇಷ್ಟ ಅಂತ ಒಂದು ಅಡಿಗೆ ಮಾಡಿ ಬಡಿಸಿದರೆ, ಒಂದು ತುತ್ತು ಬಾಯಿಗಿಟ್ಟು ಬೂದಿಯ ರುಚಿ ಎಂದು ಅತ್ತುಬಿಡ್ತಾಳೆ. ಬಡಿಸಿದವಳ ಮುಖ ನೋಡಬೇಕು ನೀವು. ಬಾಣಂತಿಯರಲ್ಲಿ, ವಯಸ್ಸಾದವರಲ್ಲಿ ಇದನ್ನು ಕಂಡವರು ನಮ್ಮಲ್ಲಿ ಎಷ್ಟೋ ಜನ ಇದ್ದಾರೆ. ಸೋಮಾರಿತನ, ಕೊಬ್ಬು ಎಂದು ಬೈದುಬಿಡುವ ಮೊದಲು ಆ ಐದು ನಿಮಿಷ ನೋಡಲಿ. ಅತ್ತ ಆಕಾಶದಲ್ಲಿ ಒಂದು ಗ್ರಹ ಭೂಮಿಗೆ ಬಡಿಯಲು ಬರ್ತಾ ಇದೆ. ಲೋಕ ಮುಳುಗುತ್ತೆ ಅಂದಾಗ ಗಟ್ಟಿಗಿತ್ತಿ ಅಕ್ಕ ನಡುಗ್ತಾಳೆ, ಕಾಯಿಲೆಯ ತಂಗಿ ನಿಶ್ಚಿಂತಳಾಗಿರ್ತಾಳೆ. ಭೂಮಿ ಒಡೆಯುವುದನ್ನು ಚಿತ್ರದ ಶುರುವಿನಲ್ಲೇ ತೋರಿಸಿಬಿಟ್ಟಿದ್ದಾರೆ. ಕೊನೆ ಗೊತ್ತಿದ್ದೇ ನಾವು ಎರಡು ಗಂಟೆ ಆ ಇಬ್ಬರ ಮುಖ ನೋಡ್ತೀವಿ. ಡೆನ್ಮಾರ್ಕಿನ ರಾಬರ್ಟ್ ಪ್ರಶಸ್ತಿಗಳಲ್ಲಿ 2012ರಲ್ಲಿ ಈ ಚಿತ್ರದ ಸಂಕಲನಕ್ಕೆ ಮಾಲಿಗೆ ಬಹುಮಾನ ಬಂತು.

2013ರಲ್ಲಿ ಬಂದ ಟ್ರಿಯರ್ ಅವರ ಎರಡು ಭಾಗದ ಚಿತ್ರದ ಹೆಸರು ಇಲ್ಲಿ ಬರೆಯಲು ಸಂಕೋಚ. ಆದರೆ ಅದರಲ್ಲಿ ಸಂಕಲನದ ಒಂದು ಪಾಠ ಇದೆ. ನಿರ್ದೇಶಕರ ಮನಸ್ಸಿನ ಪೂರ್ತಿ ಚಿತ್ರ ಐದೂವರೆ ಗಂಟೆ. ಚಿತ್ರಮಂದಿರಕ್ಕೆ ಹೋದದ್ದು ನಾಲ್ಕು ಗಂಟೆಯದು. ಕಡಿಮೆ ಮಾಡಿದ್ದು ಅವರ ಒಪ್ಪಿಗೆಯಿಂದ, ಆದರೆ ಅವರು ಆ ಕೆಲಸಕ್ಕೆ ಕೈ ಹಾಕಲಿಲ್ಲ. ಬೇರೆಯವರ ಒಂದೂವರೆ ಗಂಟೆಯನ್ನು ತೆಗೆಯುವ ಹೊಣೆ ಸಂಕಲನದವರ ಹೆಗಲಿಗೆ ಬಿತ್ತು. ಯಾರದೋ ಮಗುವಿಗೆ ಚೌಲ ಮಾಡಿದ ಹಾಗೆ, ಕೈ ನಡುಗಬಾರದು, ಹಟವೂ ಇರಬಾರದು.

ಬೇರೆ ನಿರ್ದೇಶಕರ ಚಿತ್ರಗಳನ್ನೂ ಮಾಡಿದ್ದಾರೆ. 2015ರ 'ಲ್ಯಾಂಡ್ ಆಫ್ ಮೈನ್' ಎಂಬುದು ಮಾಲಿ ಮತ್ತು ಪೇರ್ ಸಾಂದೋಲ್ಟ್ ಇಬ್ಬರ ಸಂಕಲನ. 1945ರಲ್ಲಿ ಯುದ್ಧ ಮುಗಿದ ಮೇಲೆ ಡೆನ್ಮಾರ್ಕಿನ ಕಡಲತೀರದ ಮರಳಲ್ಲಿ ಜರ್ಮನರು ಹೂತಿಟ್ಟ ಸಿಡಿಮದ್ದುಗಳಿದ್ದವು. ಅವನ್ನು ತೆಗೆಯಲು ಸೆರೆಸಿಕ್ಕ ಜರ್ಮನ್ ಹುಡುಗರನ್ನೇ ಹಚ್ಚಿದರು. ಮೀಸೆ ಕೂಡ ಮೂಡದ ಮಕ್ಕಳು. ಹುಡುಗ ಮರಳಲ್ಲಿ ಹೊಟ್ಟೆಯ ಮೇಲೆ ಮಲಗಿ, ಕೈಯಿಂದ ಮರಳು ಸರಿಸಿ, ತಿರುಪು ಬಿಚ್ಚುತ್ತಾನೆ. ಬೆರಳು, ಕಣ್ಣು, ಬೆರಳು. ಈ ತುಣುಕು ಇನ್ನೂ ಎಷ್ಟು ಹೊತ್ತು ಇರುತ್ತೆ ಎಂದು ನಾವು ಉಸಿರು ಹಿಡಿದು ಕೂರ್ತೀವಿ. ಅದು ಆಸ್ಕರ್‌ನ ಪರಭಾಷಾ ಚಿತ್ರಗಳ ಕೊನೆಯ ಐದರ ಪಟ್ಟಿಯವರೆಗೆ ಹೋಯಿತು.

ಇನ್ನು ಕಾಗದ ಬರೆದ ಸೋದರಿಗೆ ನೇರವಾಗಿ ನಾಲ್ಕು ಮಾತು. ಮರ್ಯಾದೆಯ ಕೆಲಸವೇ ಅಂದಿರಿ. ಹೌದು. ಸುಲಭದ ಕೆಲಸವೇ? ಅಲ್ಲ. ಕೂತು ಕೂತು ಬೆನ್ನು, ಕಣ್ಣು ಎರಡೂ ಸೋಲುತ್ತವೆ. ಚಿತ್ರ ಬಿಡುಗಡೆಗೆ ಹತ್ತಿರ ಬಂದಾಗ ರಾತ್ರಿ ಹಗಲು ಎನ್ನುವ ಹಾಗಿಲ್ಲ. ಚಪ್ಪಾಳೆ ಬೇರೆಯವರಿಗೆ ಹೋಗುತ್ತೆ. ಚಪ್ಪಾಳೆ ಬೇಕೆಂದು ಅವಳಿಗಿದ್ದರೆ ಬೇರೆ ದಾರಿ ನೋಡಲಿ. ಪದವಿ ಆಗಿರುವುದು ಒಳ್ಳೆಯದೇ ಆಯಿತು, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ, ಕೋಲ್ಕತಾದ ಸತ್ಯಜಿತ್ ರಾಯ್ ಹೆಸರಿನ ಸಂಸ್ಥೆಯಲ್ಲಿ ಪದವೀಧರರಿಗೆ ಸಂಕಲನದ ಓದು ಇದೆ, ಪ್ರವೇಶ ಪರೀಕ್ಷೆಯ ಮೂಲಕ. ಪುಣೆಯಲ್ಲೇ ಕಲಿತ ರೇಣು ಸಲೂಜಾ 'ಪರಿಂದಾ' ಮುಂತಾದ ಚಿತ್ರಗಳ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಪಡೆದವರು. 2000ದಲ್ಲಿ ತೀರಿಕೊಂಡರು, ಆದರೆ ಅವರನ್ನು ನೋಡ್ತಾ ಈ ದಾರಿಗೆ ಬಂದ ಹುಡುಗಿಯರಿದ್ದಾರೆ.

ಬಿ.ಎಡ್. ಅರ್ಜಿಯ ಗಡುವು ಇನ್ನೂ ಇದ್ದರೆ ಅದನ್ನೂ ಹಾಕಿಡಿ, ತಪ್ಪಿಲ್ಲ. ಅಷ್ಟರೊಳಗೆ ಅವಳಿಗೆ ಒಂದು ಕೆಲಸ ಹೇಳಿ. ಅಜ್ಜಿ ರೊಟ್ಟಿ ತಟ್ಟುವುದನ್ನೋ ಹೂ ಕಟ್ಟುವುದನ್ನೋ ಮೊಬೈಲಿನಲ್ಲಿ ಅರ್ಧ ಗಂಟೆ ಹಿಡಿದು, ಅದರಲ್ಲಿ ಮೂರೇ ನಿಮಿಷ ಉಳಿಸಿ ಜೋಡಿಸಿ ತೋರಿಸಲಿ. ಮೊದಲು ಅಜ್ಜಿಗೇ ತೋರಿಸಲಿ. ಅಜ್ಜಿ ಏನಂದರು ಎಂದು ನನಗೊಂದು ಕಾಗದ ಬರೆಯಿರಿ.